ಒಂಬತ್ತು ದಿನ, ಒಂಬತ್ತು ಸಹಿ

ಆ ಫಾರಂ ನನಗೆ ಬಂದದ್ದು ವಾಟ್ಸಾಪಿನಲ್ಲಿ. ಭಾರತೀನಗರದ ಬಸ್ ನಿಲ್ದಾಣದ ಎದುರು ಟೀ ಕುಡಿಯುತ್ತಾ ನಿಂತಿದ್ದೆ. ಕಳಿಸಿದವರು ಹೊರರಾಜ್ಯದಲ್ಲಿ ನಡೆಯುತ್ತಿದ್ದ ರಾಷ್ಟ್ರೀಯ ಮಹಿಳಾ ರಗ್ಬಿ ಕ್ಯಾಂಪಿನ ಫಿಸಿಯೋ. ಫಾರಮ್ಮಿನ ಜೊತೆ ಒಂದು ಸಣ್ಣ ಒಕ್ಕಣೆ: ಅಭ್ಯಾಸದ ಪಂದ್ಯದಲ್ಲಿ ನಿಮ್ಮ ಹುಡುಗಿಯ ತಲೆಗೆ ಏಟು ಬಿದ್ದಿದೆ. ಸ್ಕ್ಯಾನಿನಲ್ಲಿ ಏನೂ ಇಲ್ಲ. ಕ್ಯಾಂಪಿಗೆ ರಜ, ಊರಿಗೆ ಬರುತ್ತಿದ್ದಾಳೆ. ಮತ್ತೆ ಆಡಿಸುವ ಮುಂಚೆ ಈ ಹಂತಗಳನ್ನೆಲ್ಲ ನೀವೇ ನಿಂತು ಮಾಡಿಸಿ, ದಿನದಿನದ್ದು ಗುರುತು ಹಾಕಿ, ಸಹಿ ಮಾಡಿ.

ಟೀ ಅಂಗಡಿಯ ಪಕ್ಕದಲ್ಲೇ ಅವಳ ಫ್ಲೆಕ್ಸ್ ಇತ್ತು. ಭಾರತ ತಂಡದ ಅಂಗಿ ಹಾಕಿಕೊಂಡು, ಚೆಂಡನ್ನು ಕಂಕುಳಲ್ಲಿ ಇಟ್ಟುಕೊಂಡು ನಿಂತ ಫೋಟೋ. ಅದರ ಪಕ್ಕ ಅಷ್ಟೇ ದೊಡ್ಡದಾಗಿ ನನ್ನ ಫೋಟೋ, ಕೆಳಗೆ 'ಚಿನ್ನದಂಥ ಶಿಷ್ಯೆಯನ್ನು ರೂಪಿಸಿದ ಗುರುಗಳು' ಅಂತ. ಅದನ್ನು ಹಾಕಿಸಿದವರು ನಮ್ಮ ಕಾಲೇಜಿನ ಹಳೇ ವಿದ್ಯಾರ್ಥಿಗಳು. ಇದೆಲ್ಲ ಯಾತಕ್ಕೆ ಅಂತ ಬೈದಿದ್ದೆ ನಿಜ, ಆದರೆ ಟೀ ಕುಡಿಯುವುದಕ್ಕೆ ದಿನಾ ಅದೇ ಅಂಗಡಿಗೆ ಹೋಗುತ್ತಿದ್ದೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಮುಂದೆ ನಾನು ಮಾಡಿದ್ದು ನಿಮಗೆ ಅರ್ಥವಾಗುವುದಿಲ್ಲ.

ಹೈಸ್ಕೂಲೂ ಸೇರಿರುವ ಕಾಲೇಜಿನಲ್ಲಿ ನಾನು ದೈಹಿಕ ಶಿಕ್ಷಣದ ಮೇಷ್ಟ್ರು. ನನಗೆ ಗೊತ್ತಿರುವುದು ಓಟ, ಅದರಲ್ಲೂ ನೂರು ಮೀಟರು, ಇನ್ನೂರು ಮೀಟರು. ಅವಳು ಮಳವಳ್ಳಿ ತಾಲ್ಲೂಕಿನ ಬಂಡೂರಿನವಳು. ಅಪ್ಪ ಕುರಿ ಸಾಕುತ್ತಾರೆ. ಎಂಟನೇ ಕ್ಲಾಸಿನಿಂದ ನನ್ನ ಕೈಯಲ್ಲೇ ಓಡಿದಳು. ರಾಜ್ಯಮಟ್ಟದ ಫೈನಲ್ಲಿಗೆ ಪ್ರತಿ ವರ್ಷ ಬರುತ್ತಿದ್ದಳು, ಪ್ರತಿ ವರ್ಷ ನಾಲ್ಕನೆಯವಳಾಗುತ್ತಿದ್ದಳು. ಪದಕದ ಕಟ್ಟೆ ಹತ್ತದವಳನ್ನು ಯಾರು ನೋಡುತ್ತಾರೆ? ನೋಡಿದವರು ರಗ್ಬಿಯವರು. ಏಳೇಳು ಜನ ಆಡುವ ಆಟ, ಮೊಟ್ಟೆಯ ಆಕಾರದ ಚೆಂಡು, ಅದನ್ನು ಹಿಡಿದುಕೊಂಡು ಎದುರಾಳಿಯ ಗೆರೆ ದಾಟಬೇಕು. ಅವರಿಗೆ ಬೇಕಾಗಿದ್ದುದು ಕಾಲು. ಚೆಂಡು ಹಿಡಿಯುವುದನ್ನು ನಾವು ಕಲಿಸುತ್ತೇವೆ ಅಂದರು, ಕಲಿಸಿದರು. ಎರಡೇ ವರ್ಷದಲ್ಲಿ ಅವಳು ದೇಶದ ತಂಡಕ್ಕೆ ಬಂದಳು. ಈಗ ಬಂದಿದ್ದುದು ಅವಳ ಮೊದಲನೆಯ ದೊಡ್ಡ ಟೂರ್ನಿ, ಹೊರದೇಶದಲ್ಲಿ. ಹತ್ತನೆಯ ದಿನ ಕ್ಯಾಂಪಿಗೆ ವಾಪಸ್ಸು ಹೊರಟರೆ ತಂಡದಲ್ಲಿರುತ್ತಾಳೆ. ತಪ್ಪಿದರೆ ಕಾಯ್ದಿರಿಸಿದ ಇನ್ನೊಬ್ಬಳು ವಿಮಾನ ಹತ್ತುತ್ತಾಳೆ.

ಫಾರಮ್ಮಿನಲ್ಲಿ ಆರು ಹಂತ. ಪೂರ್ತಿ ವಿಶ್ರಾಂತಿ, ನಡಿಗೆ, ನಿಧಾನದ ಓಟ, ಜೋರು ಓಟ, ಮೈ ತಾಗದ ಹಾಗೆ ಚೆಂಡಿನ ಅಭ್ಯಾಸ, ಕೊನೆಗೆ ಮೈ ತಾಗುವ ಅಭ್ಯಾಸ. ಒಂದೊಂದಕ್ಕೂ ಕನಿಷ್ಠ ಒಂದು ದಿನ. ಪ್ರತಿ ದಿನದ ಎದುರು ಪ್ರಶ್ನೆಗಳು: ತಲೆನೋವು ಇದೆಯೇ, ತಲೆ ಸುತ್ತು, ವಾಂತಿ, ಬೆಳಕು ಕಂಡರೆ ಕಷ್ಟ, ಮರೆವು, ಗೊಂದಲ? ಹೌದು, ಇಲ್ಲ. ಒಂದು 'ಹೌದು' ಬಿದ್ದರೆ ಒಂದು ಹಂತ ಹಿಂದಕ್ಕೆ ಹೋಗಿ ಮತ್ತೆ ಶುರು ಮಾಡಬೇಕು. ನಮಗಿದ್ದದ್ದು ಒಂಬತ್ತು ದಿನ.

ಮೊದಲ ಎರಡು ದಿನ ವಿಶ್ರಾಂತಿ. ಫೋನು ನೋಡಬಾರದು, ಟಿವಿ ನೋಡಬಾರದು. ಎರಡನೆಯ ದಿನ ಬೈಕಿನಲ್ಲಿ ಬಂಡೂರಿಗೆ ಹೋದೆ. ಅವಳು ಕೊಟ್ಟಿಗೆಯ ನೆರಳಲ್ಲಿ ಕುಂತಿದ್ದಳು, ಮುಖದ ಮೇಲೆ ಅವ್ವನ ಟವಲು.

"ಏನಮ್ಮಿ, ತಲೆ ನೋವದಾ?"

"ಇಲ್ಲ ಕಣ್ ಸಾ. ಬಿಸ್ಲು ಅಂತ ಆಕ್ಕಂಡಿವ್ನಿ."

ಅವಳಪ್ಪ ಮೇವು ಹಾಕುತ್ತಿದ್ದವರು ಕೈ ಒರೆಸಿಕೊಂಡು ಬಂದರು. ಮಾತು ಕಮ್ಮಿ ಆಡುವ ಮನುಷ್ಯ. ನನ್ನನ್ನು ಸ್ವಲ್ಪ ಆಚೆಗೆ ಕರೆದುಕೊಂಡು ಹೋಗಿ, ಗೋಡೆಯ ಪಕ್ಕ ಒಂಟಿಯಾಗಿ ಕಟ್ಟಿದ್ದ ಒಂದು ಟಗರು ತೋರಿಸಿದರು.

"ಮೇಷ್ಟ್ರೆ, ಇದು ಮೊನ್ನೆ ಇನ್ನೊಂದ್ರ ಜೊತೆ ಗುದ್ದಾಡ್ತು. ಮೇವ್ ತಿಂತದೆ, ನೀರ್ ಕುಡೀತದೆ, ಓಡಾಡ್ತದೆ. ಆದ್ರೂ ನಾನು ಮಂದೇಗ್ ಬುಟ್ಟಿಲ್ಲ."

"ಯಾಕೆ?"

"ಕರುದ್ರೆ ತಡವಾಗ್ ತಿರುಗ್ತದೆ. ಅದು ನೆಟ್ಟಗ್ ತಿರುಗೋಗಂಟ ಬುಡಕಿಲ್ಲ. ಬುಟ್ರೆ ಇನ್ನೊಂದ್ ಏಟ್ಗೆ ಓಯ್ತದೆ." ಕೊಟ್ಟಿಗೆಯ ಕಡೆ ನೋಡಿ ಅಂದರು, "ನಮ್ಮ್ ಉಡ್ಗೀನೂ ಕರುದ್ರೆ ಈಗ ಅಂಗೇ ತಿರುಗ್ತಾವ್ಳೆ."

ನಾನು ನಕ್ಕುಬಿಟ್ಟೆ. "ಕುರಿ ಬ್ಯಾರೆ, ಮನುಷ್ರು ಬ್ಯಾರೆ ಕಣಣ್ಣ. ಸ್ಕ್ಯಾನ್ ಮಾಡವ್ರೆ, ಏನೂ ಇಲ್ವಂತೆ" ಅಂದೆ. ಓದಿದವನು ನಾನು ತಾನೆ! ಅವರು ತಲೆಯಾಡಿಸಿ ಮೇವಿನ ಕಡೆಗೆ ಹೋದರು. ನಾನು ಎರಡು ದಿನದ ಪ್ರಶ್ನೆಗಳಿಗೂ 'ಇಲ್ಲ' ಅಂತ ಗುರುತು ಹಾಕಿ, ಬೈಕಿನ ಸೀಟಿನ ಮೇಲೆ ಇಟ್ಟುಕೊಂಡು ಸಹಿ ಮಾಡಿದೆ.

ಮೂರನೆಯ ದಿನ ನಡಿಗೆ, ನಾಲ್ಕನೆಯ ದಿನ ನಿಧಾನದ ಓಟ. ಮಳವಳ್ಳಿಯಿಂದ ಬಸ್ಸು ಹತ್ತಿ ಕಾಲೇಜಿನ ಮೈದಾನಕ್ಕೆ ಬರುತ್ತಿದ್ದಳು. ರಸ್ತೆಯಲ್ಲಿ ಕಬ್ಬಿನ ಟ್ರ್ಯಾಕ್ಟರುಗಳು ಟೇಪ್ ರೆಕಾರ್ಡರ್ ಜೋರಾಗಿ ಹಾಕಿಕೊಂಡು ಹೋಗುವಾಗ ಅವಳು ಹಲ್ಲು ಕಚ್ಚುವುದನ್ನು ಕಂಡೆ. ಆ ಹಾಡುಗಳಿಗೆ ನಾನೂ ಹಲ್ಲು ಕಚ್ಚುತ್ತಿದ್ದೆ, ಅದಕ್ಕೆ ಅದನ್ನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ.

ಐದನೆಯ ದಿನ ಜೋರು ಓಟ. ಇಲ್ಲಿ ನಾನು ಮಾಡಿದ ತಪ್ಪು ಓಟದ ಮೇಷ್ಟ್ರುಗಳು ಮಾತ್ರ ಮಾಡುವಂಥದ್ದು. ಫಾರಮ್ಮಿನಲ್ಲಿ 'ಜೋರು ಓಟ' ಅಂತ ಇತ್ತೇ ಹೊರತು ಟೈಮು ನೋಡಿ ಅಂತ ಎಲ್ಲೂ ಇರಲಿಲ್ಲ. ಆದರೆ ನನ್ನ ಇಡೀ ಜೀವಮಾನದಲ್ಲಿ ಒಬ್ಬರು ಸರಿಯಾಗಿದ್ದಾರೋ ಇಲ್ಲವೋ ಅಂತ ತಿಳಿದುಕೊಳ್ಳುವುದಕ್ಕೆ ಇದ್ದ ಸಾಧನ ಸ್ಟಾಪ್‌ವಾಚ್ ಒಂದೇ. ತೊಡೆ ಹಿಡಿದುಕೊಂಡಿದ್ದರೆ, ಹಿಮ್ಮಡಿ ನೊಂದಿದ್ದರೆ, ರಾತ್ರಿ ನಿದ್ದೆಗೆಟ್ಟಿದ್ದರೆ, ಮನೆಯಲ್ಲಿ ಜಗಳವಾಗಿದ್ದರೆ, ಎಲ್ಲ ವಾಚಿನಲ್ಲಿ ಬರುತ್ತದೆ. ಆದ್ದರಿಂದ ಬ್ಲಾಕ್ ಹಾಕಿಸಿದೆ. ಬ್ಲಾಕ್ ಅಂದರೆ ಓಟದ ಶುರುವಿನಲ್ಲಿ ಕಾಲು ಒತ್ತಿ ನಿಲ್ಲುವ ಕಬ್ಬಿಣದ ಮೆಟ್ಟು. ಗೆರೆಯಿಂದ ಅದನ್ನು ಎಷ್ಟು ದೂರ ಇಡಬೇಕು ಅನ್ನುವುದನ್ನು ಓಟಗಾರರು ಹೆಬ್ಬೆರಳಿಗೆ ಹಿಮ್ಮಡಿ ಜೋಡಿಸಿ, ತಮ್ಮ ಹೆಜ್ಜೆಯಿಂದಲೇ ಅಳೆಯುತ್ತಾರೆ. ಅವಳದ್ದು ಮುಂದಿನದಕ್ಕೆ ಎರಡು ಹೆಜ್ಜೆ, ಹಿಂದಿನದಕ್ಕೆ ಮೂರೂಕಾಲು. ಎಂಟನೇ ಕ್ಲಾಸಿನಿಂದ ಅದೇ.

ಅವತ್ತು ಅವಳು ಅಳೆದಳು. ನಿಂತಳು. ಮತ್ತೆ ಗೆರೆಗೆ ಬಂದು ಅಳೆದಳು. ಮೂರನೆಯ ಸಲ ಅಳೆದು ನನ್ನ ಕಡೆ ತಿರುಗಿ, "ಸಾ, ನಂದು ಎಷ್ಟು?" ಅಂತ ಕೇಳಿದಳು.

ನನಗೆ ಭಯವಾಯಿತು. ಅದನ್ನು ಮುಚ್ಚಿಕೊಳ್ಳುವುದಕ್ಕೆ ರೇಗಿದೆ. "ಯಾಕಮ್ಮಿ, ರಗ್ಬಿ ಆಡಿ ಆಡಿ ಇದ್ನೂ ಮರ್ತ್ಬುಟ್ಯಾ? ಎರಡು, ಮೂರೂಕಾಲು!"

"ಊ ಸಾ" ಅಂತ ನಕ್ಕಳು. ಬ್ಲಾಕ್ ಇಟ್ಟಳು. ನಾನು ಎರಡು ಹಲಗೆಯ ಕ್ಲಾಪರ್ ಬಡಿದೆ. ಆ ಓಟ! ಅರವತ್ತು ಮೀಟರು ಗಾಳಿಯ ಹಾಗೆ ಹೋದಳು. ವಾಚು ನೋಡಿದೆ. ಕ್ಯಾಂಪಿಗೆ ಹೋಗುವ ಮುಂಚಿನ ಟೈಮಿಗಿಂತ ಚೂರು ಚೆನ್ನಾಗಿಯೇ ಇತ್ತು. ಇನ್ನೊಮ್ಮೆ ಓಡಿಸಿದೆ, ಅದೇ. ನನ್ನ ಭಯವೆಲ್ಲ ಇಳಿದುಹೋಯಿತು. ಇಷ್ಟು ಜೋರಾಗಿ ಓಡುವವಳ ತಲೆಯಲ್ಲಿ ಏನು ಕೆಟ್ಟಿರಲು ಸಾಧ್ಯ ಅಂದುಕೊಂಡೆ. 'ಮರೆವು, ಗೊಂದಲ' ಅನ್ನುವ ಸಾಲಿನ ಎದುರು ಪೆನ್ನು ಒಂದು ಕ್ಷಣ ನಿಂತಿತು. 'ಇಲ್ಲ' ಅಂತ ಗುರುತು ಹಾಕಿದೆ.

ಆರನೆಯ ದಿನ ಚೆಂಡಿನ ಅಭ್ಯಾಸ. ಏಳನೆಯ ದಿನದಿಂದ ಮೈ ತಾಗುವುದು. ರಗ್ಬಿಯ ಕೋಚ್ ಫೋನಿನಲ್ಲಿ ಹೇಳಿಕೊಟ್ಟಿದ್ದರು. ಚೆಂಡು ಹಿಡಿದು ಓಡುವವಳನ್ನು ಸೊಂಟ ಹಿಡಿದು ಕೆಡವುವುದಕ್ಕೆ ಟ್ಯಾಕಲ್ ಅನ್ನುತ್ತಾರೆ. ಅದರಲ್ಲಿ ಭುಜ ಮುಂದೆ ಬರಬೇಕು, ತಲೆ ಎದುರಾಳಿಯ ಬೆನ್ನಿನ ಪಕ್ಕಕ್ಕಿರಬೇಕು, ಕಣ್ಣು ಮೇಲಿರಬೇಕು. "ನಿಮ್ಮ ಹುಡುಗಿ ತಲೆ ಬಗ್ಗಿಸಿಕೊಂಡು ನುಗ್ಗುತ್ತಾಳೆ ಸರ್. ಏಟು ಬಿದ್ದದ್ದೂ ಹಾಗೇ. ಎಷ್ಟು ಹೇಳಿದರೂ ಆ ಅಭ್ಯಾಸ ಹೋಗುತ್ತಿಲ್ಲ, ಅದೆಲ್ಲಿಂದ ಬಂತೋ" ಅಂದರು.

ಎಲ್ಲಿಂದ ಬಂತು ಅಂತ ನನಗೆ ಗೊತ್ತಿತ್ತು. ನೂರು ಮೀಟರ್ ಓಟದಲ್ಲಿ ಮೊದಲ ಇಪ್ಪತ್ತು ಮೀಟರು ತಲೆ ಎತ್ತಬಾರದು. ಎತ್ತಿದರೆ ಮೈ ನೆಟ್ಟಗಾಗಿ ವೇಗ ಸಾಯುತ್ತದೆ. ಆರು ವರ್ಷ ಬೆಳಿಗ್ಗೆ ಸಂಜೆ ನಾನು ಅವಳ ಹಿಂದೆ ನಿಂತು ಕೂಗಿದ್ದು ಅದೊಂದನ್ನೇ: ತಲೆ ಎತ್ತಬೇಡ, ನೆಲ ನೋಡು. ಅವಳು ಹೇಳಿದ ಮಾತು ಕೇಳುವ ಹುಡುಗಿ. ಒಮ್ಮೆ ಕಲಿತದ್ದನ್ನು ಮೈ ಬಿಟ್ಟುಕೊಡಲಿಲ್ಲ.

ಗೋಣಿಚೀಲಕ್ಕೆ ಕಬ್ಬಿನ ಒಣ ತರಗು ತುಂಬಿಸಿ, ಬಾಯಿ ಹೊಲಿಸಿ, ನಾನೇ ಎದೆಗೆ ಅವುಚಿಕೊಂಡು ನಿಂತೆ. ಅವಳು ಹತ್ತು ಹೆಜ್ಜೆ ಆಚೆಯಿಂದ ಓಡಿಬಂದು ಭುಜ ಕೊಡಬೇಕು. ತಲೆ ಬಗ್ಗಿಸಿಕೊಂಡೇ ಬಂದಳು. "ತಲೆ ಎತ್ತು! ಮೇಲೆ ನೋಡು!" ಅಂತ ಕಿರುಚಿದೆ. ಅವಳು ಅರ್ಧದಲ್ಲೇ ನಿಂತು, ಯಾವುದನ್ನು ಕೇಳಬೇಕು ಅನ್ನುವ ಹಾಗೆ ನನ್ನನ್ನು ನೋಡಿದಳು. ಐವತ್ತು ದಾಟಿದ ನನಗೂ ಆ ಏಟುಗಳು ಪಕ್ಕೆಗೆ ಬೀಳುತ್ತಿದ್ದವು. ಎರಡು ದಿನದಲ್ಲಿ ಹತ್ತಕ್ಕೆ ಏಳು ಸಲ ಸರಿಯಾಗಿ ಬರುವಷ್ಟಾಯಿತು.

ಎಂಟನೆಯ ದಿನ ಸಂಜೆ ಕೊನೆಯ ಟ್ಯಾಕಲ್ ಆದ ಮೇಲೆ ಅವಳು ನೀರು ಕುಡಿದು ಬರುತ್ತೇನೆ ಅಂತ ಪಂಪ್‌ಹೌಸಿನ ಹಿಂದಕ್ಕೆ ಹೋದಳು. ಬರಲಿಲ್ಲ. ಹೋಗಿ ನೋಡಿದರೆ ಗೋಡೆ ಹಿಡಿದುಕೊಂಡು ವಾಂತಿ ಮಾಡುತ್ತಿದ್ದಳು.

"ಏನಮ್ಮಿ?"

"ಏನಿಲ್ಲ ಸಾ. ಬರ್ತಾ ಬಸ್‌ಸ್ಟ್ಯಾಂಡಲ್ಲಿ ಕಬ್ಬಿನಾಲ್ ಕುಡ್ದೆ, ಅದ್ಕೆ."

ನಾನು ಅವಳ ಪಕ್ಕ ಕಲ್ಲಿನ ಮೇಲೆ ಕುಂತೆ. ಸುಳ್ಳು ಅಂತ ಗೊತ್ತಾಯಿತು. ಐದನೆಯ ದಿನ ಹೆಜ್ಜೆ ಕೇಳಿದಾಗ ಅರ್ಧ ಗೊತ್ತಾಗಿದ್ದು ಈಗ ಪೂರ್ತಿ ಗೊತ್ತಾಯಿತು. 'ವಾಂತಿ: ಹೌದು' ಅಂತ ಬರೆದರೆ ಒಂದು ಹಂತ ಹಿಂದಕ್ಕೆ. ನಾಳಿದ್ದಿನ ರೈಲಿಲ್ಲ, ಟೂರ್ನಿ ಇಲ್ಲ. ನಾಲ್ಕನೆಯ ಸ್ಥಾನದ ಆ ವರ್ಷಗಳೆಲ್ಲ ನೆನಪಿಗೆ ಬಂದವು. ಫ್ಲೆಕ್ಸೂ ನೆನಪಿಗೆ ಬಂತು, ಬರಲಿಲ್ಲ ಅಂತ ಹೇಳಿದರೆ ಅದು ಇನ್ನೊಂದು ಸುಳ್ಳು.

"ಓಯ್ತೀಯಾ ಅಮ್ಮಿ?" ಅಂತ ಕೇಳಿದೆ. ನಿರ್ಧಾರವನ್ನು ಅವಳ ತಲೆಗೆ ಕಟ್ಟುವ ಪ್ರಶ್ನೆ ಅದು. ಮೂವತ್ತು ವರ್ಷದ ಅನುಭವ ಇದ್ದವನು ಇಪ್ಪತ್ತರ ಹುಡುಗಿಯನ್ನು ಹಾಗೆ ಕೇಳಿದೆ.

"ಓಯ್ತೀನಿ ಸಾ" ಅಂದಳು. ಹೇಳಿದ ಮೇಲೂ ಬೂಟು ಬಿಚ್ಚಲು ಹೋಗದೆ ಸ್ವಲ್ಪ ಹೊತ್ತು ಅಲ್ಲೇ ನಿಂತಿದ್ದಳು. ಸುಸ್ತಾಗಿದೆ ಅಂದುಕೊಂಡೆ. 'ಇಲ್ಲ' ಅಂತ ಗುರುತು ಹಾಕಿ ಸಹಿ ಮಾಡಿದೆ.

ಫಾರಮ್ಮಿನ ಕೊನೆಗೆ ಡಾಕ್ಟರ ಸಹಿಯೂ ಬೇಕಿತ್ತು, ಒಂಬತ್ತನೆಯ ದಿನ ಮಂಡ್ಯದಲ್ಲಿ ಡಾಕ್ಟರ ಹತ್ತಿರ ಹೋದೆವು. ಒಳ್ಳೆಯ ಮನುಷ್ಯ, ಅರ್ಧ ಗಂಟೆ ನೋಡಿದರು. ಕಣ್ಣು ಮುಚ್ಚಿ ಒಂಟಿ ಕಾಲಲ್ಲಿ ನಿಲ್ಲಿಸಿದರು, ಅಂಕಿ ಹಿಂದುಮುಂದಾಗಿ ಹೇಳಿಸಿದರು. ಅವಳು ಹಲ್ಲು ಕಚ್ಚಿಕೊಂಡು ಎಲ್ಲ ಮಾಡಿದಳು. "ನಾನು ನೋಡ್ತಿರೋದು ಇವತ್ತೊಂದು ದಿನ. ನೀವು ದಿನಾ ಜೊತೆಗಿದ್ದೀರಿ, ನೀವು ಬರೆದಿರೋದೇ ನನಗೆ ಆಧಾರ" ಅಂತ ನನ್ನ ಮುಖ ನೋಡಿದರು. ನಾನು ಆ ದಿನದ್ದಕ್ಕೂ ಸಹಿ ಹಾಕಿ ಹಾಳೆಯನ್ನು ಅವರ ಮುಂದಕ್ಕೆ ತಳ್ಳಿದೆ. ಅದರ ಕೆಳಗೆ ಅವರೂ ಬರೆದುಕೊಟ್ಟರು.

ಮಾರನೆಯ ದಿನ ಮದ್ದೂರಿನ ರೈಲು ನಿಲ್ದಾಣಕ್ಕೆ ಅವಳಪ್ಪ ಅವ್ವ ಬಂದಿದ್ದರು. ಅವ್ವ ತಲೆಗೆ ಎಣ್ಣೆ ಒತ್ತಿ, ಬಿಗಿಯಾಗಿ ಜಡೆ ಹಾಕಿ ಕಳಿಸಿದರು. ರೈಲು ಹೊರಟ ಮೇಲೆ ಅಪ್ಪ ನನ್ನ ಹಿಂದೆಯೇ ನಡೆದು ಬಂದರು. ಬೈಕಿನ ಹತ್ತಿರ ಬಂದಾಗ, "ನೀವ್ ನೋಡಿದೀರಲ್ಲ ಮೇಷ್ಟ್ರೆ, ಇನ್ನೇನ್ ಬುಡಿ" ಅಂದರು.

ಟೂರ್ನಿಯ ಪಂದ್ಯ ಮೊಬೈಲಿನಲ್ಲಿ ಬರುತ್ತಿತ್ತು. ಸ್ಟಾಫ್‌ರೂಮಿನ ಗೋಡೆಗೆ ಪ್ರೊಜೆಕ್ಟರ್ ಬಿಟ್ಟುಕೊಂಡು ಕುಂತೆವು. ಕನ್ನಡ ಮೇಡಂ, ಅಟೆಂಡರು, ಪ್ರಿನ್ಸಿಪಾಲರು, ಯಾರಿಗೂ ಆಟದ ಗಂಧಗಾಳಿ ಇಲ್ಲ. ಮೊದಲ ಪಂದ್ಯದಲ್ಲಿ ಅವಳಿಗೆ ತನ್ನ ತಂಡದ ಕಡೆಯ ಅರ್ಧ ಮೈದಾನದಲ್ಲೇ ಚೆಂಡು ಸಿಕ್ಕಿತು. ಪಕ್ಕದ ಗೆರೆ ಹಿಡಿದು ಓಡಿದಳು ನೋಡಿ, ಹಿಂದೆ ಬಿದ್ದ ಮೂವರೂ ನಿಂತೇ ಬಿಟ್ಟರು. ಗೆರೆ ದಾಟಿ ಚೆಂಡನ್ನು ನೆಲಕ್ಕೆ ಒತ್ತಿದಾಗ ನಾನು ಕುರ್ಚಿಯ ಮೇಲೆ ಹತ್ತಿದ್ದೆ. ಅಂಥ ಓಟ ನಾನು ಇನ್ನೆಂದೂ ನೋಡಲಿಲ್ಲ.

ಎರಡನೆಯ ಪಂದ್ಯದಲ್ಲಿ ಅವಳೇ ಒಬ್ಬಳನ್ನು ಕೆಡವಲು ಹೋದಳು. ಮೊದಲ ಹೆಜ್ಜೆ ಇಟ್ಟಾಗಲೇ ತಲೆ ಬಗ್ಗಿತ್ತು. ದೊಡ್ಡ ಏಟೇನಲ್ಲ, ಎದುರಿನವಳ ಮೊಣಕಾಲು ತಾಗಿತು ಅಷ್ಟೆ. ಇಬ್ಬರೂ ಎದ್ದರು. ಅವಳು ಮಣ್ಣು ಕೊಡವಿಕೊಂಡು ನಡೆದು ಹೋಗಿ ಎದುರಾಳಿ ತಂಡದ ಸಾಲಿನಲ್ಲಿ ನಿಂತುಕೊಂಡಳು.

ಸ್ಟಾಫ್‌ರೂಮಿನಲ್ಲಿ ಎಲ್ಲರೂ ನಕ್ಕರು. "ಅಯ್ಯೋ, ಯಾವ್ ಕಡೆ ಅಂತಾನೆ ಮರ್ತವ್ಳಲ್ಲ ಸಾ!" ಅಂದ ಅಟೆಂಡರು. ನಾನು ನಗಲಿಲ್ಲ. ಎದುರಾಳಿ ಹುಡುಗಿಯೊಬ್ಬಳು ಅವಳ ಭುಜ ಹಿಡಿದು ಏನೋ ಕೇಳಿದಳು. ಇವಳು ಉತ್ತರ ಕೊಡಲು ತಿರುಗಿ, ಹಾಗೆಯೇ ಮಂಡಿಯೂರಿ ಕುಸಿದಳು.

ಹೊರದೇಶದ ಆಸ್ಪತ್ರೆಯಲ್ಲಿ ತಲೆಗೆ ಆಪರೇಷನ್ ಆಯಿತು. ಅಲ್ಲಿಂದ ಬೆಂಗಳೂರಿಗೆ ಕರೆದುಕೊಂಡು ಬಂದರು. ಅಲ್ಲಿನ ಡಾಕ್ಟರು ನಮಗೆ ತಿಳಿಯುವ ಹಾಗೆ ಹೇಳಿದರು: ಮೊದಲನೆಯ ಪೆಟ್ಟು ಪೂರ್ತಿ ಮಾಯುವ ಮುಂಚೆ ಎರಡನೆಯದು ಬಿದ್ದಿದೆ. ಎರಡನೆಯದು ಚಿಕ್ಕದಾದರೂ ಸಾಕು. ಉಳಿದದ್ದೇ ಹೆಚ್ಚು. ಅವಳಪ್ಪ ಅದನ್ನು ಕೇಳಿಸಿಕೊಂಡು ನನ್ನ ಕಡೆ ನೋಡಲೂ ಇಲ್ಲ. ನೋಡಿದ್ದರೆ, ಬೈದಿದ್ದರೆ, ಕೊರಳಪಟ್ಟಿ ಹಿಡಿದಿದ್ದರೆ ಎಷ್ಟೋ ಹಗುರವಾಗುತ್ತಿತ್ತು. ಕಾರಿಡಾರಿನಲ್ಲಿ ನನಗೆ ಕಾಫಿ ತಂದುಕೊಟ್ಟು, "ನಿಮ್ ಕೈಲಾದದ್ ಮಾಡುದ್ರಿ ಮೇಷ್ಟ್ರೆ" ಅಂದರು.

ಊರಿನಲ್ಲಿ ಹಳೇ ವಿದ್ಯಾರ್ಥಿಗಳು 'ಬೇಗ ಗುಣಮುಖಳಾಗು ತಾಯಿ' ಅಂತ ಹೊಸ ಫ್ಲೆಕ್ಸ್ ಮಾಡಿಸಲು ಹೊರಟಿದ್ದರು. ಅದರಲ್ಲೂ ನನ್ನ ಫೋಟೋ! ಬಾಯಿಗೆ ಬಂದ ಹಾಗೆ ಬೈದು ಕಳಿಸಿದೆ. ಅವರಿಗೆ ಪಾಪ, ಯಾಕೆ ಬೈದೆ ಅಂತ ಇವತ್ತಿಗೂ ಗೊತ್ತಿಲ್ಲ. ಅದೇ ವಾರ ಕ್ಯಾಂಪಿನವರಿಗೆ ಪತ್ರ ಬರೆದೆ. ಐದನೆಯ ದಿನ ಗೊಂದಲ ಇತ್ತು, ಎಂಟನೆಯ ದಿನ ವಾಂತಿ ಆಗಿತ್ತು, ಎರಡನ್ನೂ ನಾನು ನೋಡಿ 'ಇಲ್ಲ' ಅಂತ ಬರೆದೆ, ತಪ್ಪು ನನ್ನದು, ಡಾಕ್ಟರದ್ದಲ್ಲ. ಆ ಮೇಲೆ ಯಾರನ್ನೂ ಟ್ರ್ಯಾಕಿಗೆ ಇಳಿಸಲಿಲ್ಲ. ಕಾಲೇಜಿನಲ್ಲಿ ಪಾಠ ಮಾಡುತ್ತೇನೆ, ಹಾಜರಿ ಹಾಕುತ್ತೇನೆ.

ಅವಳು ಈಗ ಬಂಡೂರಿನಲ್ಲೇ ಇದ್ದಾಳೆ. ನಡೆಯುತ್ತಾಳೆ, ಮಾತಾಡುತ್ತಾಳೆ, ಅಪ್ಪನ ಜೊತೆ ಕುರಿ ನೋಡಿಕೊಳ್ಳುತ್ತಾಳೆ. ನಾಲ್ಕು ಹೆಜ್ಜೆ ಓಡಿದರೆ ನೆಲ ಒಂದು ಕಡೆಗೆ ವಾಲುತ್ತದಂತೆ. ಬಸ್ಸಿನಲ್ಲಿ ಮಳವಳ್ಳಿಯವರೆಗೂ ಕೂರಲಾರಳು. ರಾಜ್ಯದಲ್ಲಿ ಅವಳಿಗಿಂತ ಜೋರಾಗಿ ಓಡುವವರು ಮೂರೇ ಜನ ಇದ್ದರು.

ಕ್ಯಾಂಪಿಗೆ ಬರೆದ ಪತ್ರದ ಮಾತನ್ನು ಅವಳಿಗೆ ಹೇಳಲು ನನಗೆ ಒಂದು ವರ್ಷ ಬೇಕಾಯಿತು. ಹೋದ ತಿಂಗಳು ಒಂದು ಮಧ್ಯಾಹ್ನ ಹೋದೆ. ಅವಳೊಬ್ಬಳೇ ಹೊಲದ ಬದುವಿನ ಮೇಲೆ ಕುಂತಿದ್ದಳು, ಕುರಿ ಮೇಯುತ್ತಿದ್ದವು. ಪಕ್ಕದಲ್ಲಿ ಕುಂತು ಎಲ್ಲ ಹೇಳಿದೆ. ನೋಡಿಯೂ ಸಹಿ ಹಾಕಿದೆ ಕಣಮ್ಮಿ, ಗೊತ್ತಿದ್ದೇ ಕಳಿಸಿದೆ ಅಂದೆ. ಹೇಳುತ್ತಾ ಹೇಳುತ್ತಾ ಅತ್ತೆ.

ಈಗ ಅವಳಿಗೆ ಮಾತು ಹುಡುಕುವುದಕ್ಕೆ ಹೊತ್ತು ಹಿಡಿಯುತ್ತದೆ.

"ನಿಮಗ್ ಗೊತ್ತಾಗಿತ್ತು ಅಂತ ನಂಗ್ ಗೊತ್ತಿತ್ತು ಸಾ" ಅಂದಳು. "ಅವತ್ತು ಪಂಪೌಸತ್ರ ಓಯ್ತೀನಿ ಅಂದ್ಬುಟ್ಟು ನಿಂತೇ ಇದ್ನಲ್ಲ, ನೀವ್ ಬ್ಯಾಡ ಅಂತೀರಾ ಅಂತ ಕಾಯ್ತಿದ್ದೆ. ನಾನಾಗ್ ನಾನೇ ಬ್ಯಾಡ ಅನ್ನಕ್ಕೆ ನನ್ ಬಾಯಲ್ ಬತ್ತಿರ್ಲಿಲ್ಲ ಸಾ. ನೀವಂದಿದ್ರೆ ಕೇಳ್ತಿದ್ದೆ. ನೀವ್ ಯೋಳಿದ್ ಯಾವತ್ತಾರ ಮೀರಿದ್ನಾ?"

ಇಲ್ಲ, ಅವಳು ಒಂದು ದಿನವೂ ಮೀರಿರಲಿಲ್ಲ. ಬೇಡ ಅಂದಿದ್ದರೆ ಅಳುತ್ತಿದ್ದಳು, ಒಂದೆರಡು ತಿಂಗಳು ನನ್ನ ಹತ್ತಿರ ಮಾತು ಬಿಡುತ್ತಿದ್ದಳು, ಇವತ್ತಿಗೂ ಓಡುತ್ತಿದ್ದಳು.